ನಿಮ್ಮ ಕಲ್ಪನಾಲೋಕಕ್ಕೊಂದು ಪಂಚಾಂಗ ಕಟ್ಟುವುದು ಹೀಗೆ

ಕಾದಂಬರಿಗೆ ಹೊಸ ಲೋಕ ಕಟ್ಟಲು ಕೂತವರು ಮೊದಲು ಭೂಪಟ ಬರೆಯುತ್ತಾರೆ, ರಾಜವಂಶಗಳಿಗೆ ಹೆಸರಿಡುತ್ತಾರೆ. ಪಂಚಾಂಗದ ಸರದಿ ಬಂದಾಗ ಮಾತ್ರ ನಮ್ಮದೇ ಹನ್ನೆರಡು ತಿಂಗಳ ಹೆಸರು ಬದಲಿಸಿ ಮುಂದೆ ಹೋಗುತ್ತಾರೆ. ಇದರಿಂದ ಕಥೆಗೆ ದೊಡ್ಡ ನಷ್ಟ. ಜನ ಯಾವುದಕ್ಕೆ ಕಾಯುತ್ತಾರೆ, ಯಾವುದಕ್ಕೆ ಹೆದರುತ್ತಾರೆ ಎಂಬುದನ್ನು ಪಂಚಾಂಗದಷ್ಟು ಚೆನ್ನಾಗಿ ಹೇಳುವ ಕಾಗದ ಇನ್ನೊಂದಿಲ್ಲ.

ನಮ್ಮಜ್ಜಿಯ ಅಡುಗೆಮನೆ ಗೋಡೆಯ ಕ್ಯಾಲೆಂಡರಿನಲ್ಲಿ ಒಂದು ಚೌಕವೂ ಖಾಲಿ ಇರುತ್ತಿರಲಿಲ್ಲ. ಡೇರಿಗೆ ಹಾಕಿದ ಹಾಲಿನ ಲೆಕ್ಕ, ಎಮ್ಮೆ ಗಬ್ಬವಾದ ದಿನ, ಸಿಲಿಂಡರ್ ಬದಲಿಸಿದ ತಾರೀಖು, ಎಲ್ಲ ಪೆನ್ಸಿಲಿನಲ್ಲಿ. ನಿಮ್ಮ ಲೋಕದ ಮನುಷ್ಯರು ಗೋಡೆಯ ಮೇಲೆ ಏನು ಗೀಚಿಡುತ್ತಾರೆ? ಅದನ್ನು ಮನಸ್ಸಿನಲ್ಲಿಟ್ಟುಕೊಂಡು ಶುರು ಮಾಡಿ.

ಮೊದಲು ಆಕಾಶದ ಲೆಕ್ಕ

ಎರಡು ಅಂಕಿ ಬೇಕು: ಋತುಗಳು ಒಂದು ಸುತ್ತು ಬರಲು ಎಷ್ಟು ದಿನ, ಅಮಾವಾಸ್ಯೆಯಿಂದ ಅಮಾವಾಸ್ಯೆಗೆ ಎಷ್ಟು ದಿನ. ನಮ್ಮ ಭೂಮಿಗೆ ಇವು ಸುಮಾರು 365.24 ಮತ್ತು 29.53. ಹನ್ನೆರಡು ಚಾಂದ್ರಮಾಸ ಸೇರಿದರೆ 354 ದಿನ. ವರ್ಷಕ್ಕೆ ಹನ್ನೊಂದು ದಿನ ಕಡಿಮೆ. ಈ ಕೊರತೆ ತುಂಬಲೆಂದೇ ನಮ್ಮ ಪಂಚಾಂಗಗಳಲ್ಲಿ 32–33 ತಿಂಗಳಿಗೊಮ್ಮೆ ಅಧಿಕಮಾಸ ಬರುತ್ತದೆ. ಇಸ್ಲಾಮಿ ಪಂಚಾಂಗ ಅದನ್ನು ತುಂಬುವುದಿಲ್ಲ. ಹಾಗಾಗಿ ರಂಜಾನ್ ಒಮ್ಮೆ ಬೇಸಿಗೆಯಲ್ಲಿ, ಒಮ್ಮೆ ಚಳಿಯಲ್ಲಿ ಬರುತ್ತದೆ.

ಈಗ ನಿಮ್ಮ ಲೋಕ. ವರ್ಷಕ್ಕೆ 400 ದಿನ, ಚಂದ್ರನಿಗೆ 33 ದಿನ ಎಂದಿಟ್ಟುಕೊಳ್ಳಿ. ಹನ್ನೆರಡು ತಿಂಗಳಿಗೆ 396 ದಿನ, ಉಳಿದದ್ದು ನಾಲ್ಕು. ಎಂಟು ವರ್ಷಕ್ಕೆ ಹೆಚ್ಚುಕಡಿಮೆ ಒಂದು ತಿಂಗಳಷ್ಟು ದಿನ ಕೂಡಿಬರುತ್ತದೆ. 33 ವರ್ಷಕ್ಕೆ ಸರಿಯಾಗಿ ನಾಲ್ಕು ಅಧಿಕಮಾಸ. ಆ ತಿಂಗಳಲ್ಲಿ ಹುಟ್ಟಿದ ಹುಡುಗಿಗೆ ಎಂಟು ವರ್ಷಕ್ಕೊಂದು ಹುಟ್ಟುಹಬ್ಬ. ಆ ತಿಂಗಳ ಕೂಲಿ ಯಾರು ಕೊಡಬೇಕು? ಬಡ್ಡಿ ಓಡುತ್ತದೆಯೇ? ಇಲ್ಲೇ ನಿಮಗೆ ಎರಡು ಅಧ್ಯಾಯ ಸಿಕ್ಕಿತು.

ಲೆಕ್ಕ ಹೊಂದದೇ ಹೋದರೆ ದಯವಿಟ್ಟು ಬಲವಂತವಾಗಿ ಹೊಂದಿಸಬೇಡಿ. ಪ್ರಾಚೀನ ಈಜಿಪ್ಟಿನವರು 30 ದಿನಗಳ ಹನ್ನೆರಡು ತಿಂಗಳಿಗೆ ಐದು ದಿನ ಸೇರಿಸಿ 365ಕ್ಕೆ ನಿಲ್ಲಿಸಿದರು. ಉಳಿದ ಕಾಲು ದಿನದಿಂದಾಗಿ ನಾಲ್ಕು ವರ್ಷಕ್ಕೆ ಒಂದು ದಿನ ಜಾರುತ್ತಾ, ನೈಲ್ ನೆರೆಯ ಹೆಸರು ಹೊತ್ತ ತಿಂಗಳುಗಳು ನೆರೆಯೇ ಇಲ್ಲದ ಕಾಲಕ್ಕೆ ಹೋಗಿ ಕೂತವು. ನಿಮ್ಮ ಲೋಕದಲ್ಲೂ ಅರಮನೆಯ ತಿಂಗಳು ಒಂದು ಹೇಳಲಿ, ಹೊಲ ಇನ್ನೊಂದು ಹೇಳಲಿ.

ಹೆಸರು ನೆಲದಿಂದ ಬರಲಿ

ಕಿವಿಗೆ ವಿಚಿತ್ರವಾಗಿ ಕೇಳಿಸುವ ಹೆಸರುಗಳನ್ನು ಹುಡುಕಬೇಡಿ. ನಮ್ಮ ರೈತರನ್ನು ನೋಡಿ. ಸೂರ್ಯ ಒಂದೊಂದು ನಕ್ಷತ್ರದಲ್ಲಿರುವ ಹದಿಮೂರು–ಹದಿನಾಲ್ಕು ದಿನಕ್ಕೆ ಆ ನಕ್ಷತ್ರದ ಮಳೆ ಎಂದೇ ಹೆಸರು: ಕೃತಿಕೆ ಮಳೆ, ರೋಹಿಣಿ ಮಳೆ, ಆರಿದ್ರೆ ಮಳೆ. ‘ಭರಣಿ ಮಳೆ ಬಂದರೆ ಧರಣಿಯೆಲ್ಲ ಬೆಳೆ’ ಎಂಬ ಒಂದೇ ಸಾಲಿನಲ್ಲಿ ಕಾಲವೂ ಇದೆ, ಆಸೆಯೂ ಇದೆ. ತುಳುವರಿಗೆ ಆಟಿ ಎಂದರೆ ಬರೀ ತಿಂಗಳಲ್ಲ. ಬಿಡದ ಮಳೆ, ಬರಿದಾದ ಕಣಜ, ರೋಗರುಜಿನ ಕಳೆಯಲೆಂದು ವೇಷ ಕಟ್ಟಿ ಮನೆ ಬಾಗಿಲಿಗೆ ಬಂದು ಕುಣಿಯುವ ಕಳೆಂಜ, ಅಮಾವಾಸ್ಯೆಯ ಬೆಳಿಗ್ಗೆ ಕುಡಿಯುವ ಹಾಲೆಮರದ ತೊಗಟೆಯ ಕಹಿ ಕಷಾಯ. ನಿಮ್ಮ ಲೋಕದ ಒಂದು ತಿಂಗಳಿಗಾದರೂ ಇಷ್ಟು ರುಚಿ ಇರಲಿ. ಉಳಿದವು ತಾವಾಗಿ ಬರುತ್ತವೆ.

ವಾರಕ್ಕೆ ಏಳೇ ದಿನ ಯಾಕೆ? ನಾನು ಬರೆಯುತ್ತಿರುವ ಹೊಳೆಸೀಮೆಯಲ್ಲಿ ಐದು ಊರು, ಐದು ಸಂತೆ. ಆದ್ದರಿಂದ ದಿನಗಳ ಹೆಸರು ಉಪ್ಪುಸಂತೆ, ದನಸಂತೆ, ಕಾಳುಸಂತೆ, ಮಡಕೆಸಂತೆ, ಬಲೆಸಂತೆ. ಆರನೆಯ ದಿನ ದೋಣಿಗಳು ದಡದಲ್ಲೇ ತಂಗುತ್ತವೆ.

ವರ್ಷ ಎಣಿಸುವುದಕ್ಕೆ ಒಂದು ಆರಂಭ ಬೇಕು. ಬಾದಾಮಿಯ ಬಂಡೆಶಾಸನ ಶಕವರ್ಷ 465 ಎನ್ನುತ್ತದೆ, ಅಂದರೆ ಕ್ರಿ.ಶ. 543. ಆದರೆ ಊರಿನವರು ‘ದೊಡ್ಡ ನೆರೆ ಬಂದ ವರ್ಷ’ ಎಂದೇ ಎಣಿಸುವುದು. ಎರಡನ್ನೂ ಇಟ್ಟುಕೊಳ್ಳಿ.

ಕೊನೆಗೊಂದು ಪರೀಕ್ಷೆ. ಒಂದೇ ದಿನವನ್ನು ಎರಡು ಸಲ ಬರೆಯಿರಿ, ಒಂದು ರಾಜನ ಶಾಸನದಲ್ಲಿ, ಇನ್ನೊಂದು ಅಂಬಿಗಿತ್ತಿಯ ಗೋಡೆಯ ಮೇಲೆ. ನನ್ನ ಹೊಳೆಸೀಮೆಯ ಗೋಡೆಯಲ್ಲಿ ಇದ್ದಿಲಿನಲ್ಲಿ ಹೀಗಿದೆ: ‘ಕೆನ್ನೀರ ತಿಂಗಳು, ಬೆಳೆಯುವ ಚಂದ್ರನ ಏಳು, ಉಪ್ಪುಸಂತೆ. ಹೊಳೆ ಎರಡು ಮೆಟ್ಟಿಲು ಏರಿದೆ. ಮಗ ಇನ್ನೂ ಬಂದಿಲ್ಲ.’