ಎಳ್ಳು ಬೆಲ್ಲದ ಜೊತೆ ಸಂಧಿ ಕಲಿಸಿದ್ದು

ದಾವಣಗೆರೆಯಲ್ಲಿ ನಮ್ಮ ಮನೆಯ ಹಾಲ್‌ನಲ್ಲೇ ಟ್ಯೂಷನ್ ಮಾಡುತ್ತೇನೆ. ಎಂಟನೇ, ಒಂಬತ್ತನೇ ಕ್ಲಾಸಿನ ಮಕ್ಕಳು. ಸಂಧಿ ಅಂದರೆ ಸಾಕು, ಮುಖ ಬಾಡುತ್ತಿತ್ತು. ನಿಯಮ ಬಾಯಿಪಾಠ ಮಾಡುವುದು, ಮಾರನೇ ದಿನ ಮರೆಯುವುದು. ಹಾಗಾಗಿ ಈ ಸಲ ಸಂಕ್ರಾಂತಿಯ ಹಿಂದಿನ ದಿನ ಪುಸ್ತಕ ತೆಗೆಸಲೇ ಇಲ್ಲ. ಕೊಬ್ಬರಿ, ಬೆಲ್ಲ ಹೆಚ್ಚಲು ಕೂರಿಸಿದೆ.

ಒಂದು ಚೀಟಿಯಲ್ಲಿ ‘ಎಳ್ಳು’, ಇನ್ನೊಂದರಲ್ಲಿ ‘ಎಣ್ಣೆ’ ಬರೆದೆ. ಎರಡನ್ನೂ ಸೇರಿಸಿ ಬೇಗ ಬೇಗ ಹೇಳಿ ಅಂದೆ. ನಾಲ್ಕನೇ ಸಲಕ್ಕೆ ತಾನಾಗೇ ‘ಎಳ್ಳೆಣ್ಣೆ’ ಆಯಿತು. ಕತ್ತರಿ ತಗೊಂಡು ‘ಎಳ್ಳು’ ಚೀಟಿಯ ಕೊಂಬನ್ನು ಕತ್ತರಿಸಿದೆ. "ಉ ಎಲ್ಲಿ ಹೋಯ್ತು?" ಅಂತ ಕೇಳಿದರೆ, ಬಾಯಿ ತುಂಬ ಬೆಲ್ಲ ಇಟ್ಟುಕೊಂಡಿದ್ದ ಹುಡುಗ "ನಾನ್ ತಿಂದಿಲ್ಲ ಮಿಸ್" ಅಂದ. ಎಲ್ಲರೂ ಬಿದ್ದು ಬಿದ್ದು ನಕ್ಕರು. ಲೋಪ ಸಂಧಿಯನ್ನು ಮತ್ತೆ ಹೇಳಿಕೊಡುವ ಪ್ರಮೇಯವೇ ಬರಲಿಲ್ಲ.

ಆಮೇಲೆ ಪುಟಾಣಿ ಡಬ್ಬಿ ತೆಗೆದೆ. ನಮ್ಮ ಕಡೆ ಪುಟಾಣಿ, ಪುಸ್ತಕದಲ್ಲಿ ಹುರಿಗಡಲೆ. ಹುರಿದಿದ್ದು ಕಡಲೆ ತಾನೇ, ಗಡಲೆ ಎಲ್ಲಿಂದ ಬಂತು? ಹರಿಹರದ ಬಸ್ಸಲ್ಲಿ ಒಬ್ಬರು ಎದ್ದ ಕೂಡಲೇ ಆ ಸೀಟಲ್ಲಿ ಇನ್ನೊಬ್ಬರು ಕೂರುತ್ತಾರಲ್ವಾ? ಹಾಗೇ ‘ಕ’ ಎದ್ದಿತು, ‘ಗ’ ಕೂತಿತು. ಇದೇ ಆದೇಶ ಸಂಧಿ. ಚಳಿ ಸೇರಿದ ಕಾಲ ಚಳಿಗಾಲ ಆಗುವುದೂ ಹೀಗೇ. ಒಬ್ಬಳು ಚಾಕು ಕೆಳಗಿಟ್ಟು, "ಮಿಸ್, ಹಂಗಾದ್ರೆ ನಮ್ಮೂರ ಹೆಸರಲ್ಲೂ ಕೆರೆನೇ ಗೆರೆ ಆಗಿರೋದಾ?" ಅಂದಳು. ಅವಳಿಗೆ ದೊಡ್ಡ ಬೆಲ್ಲದ ಅಚ್ಚು ಕೊಟ್ಟೆ.

ಆಗಮ ಸಂಧಿಗೆ ಜಾಸ್ತಿ ಹೊತ್ತು ಬೇಕಾಗಲಿಲ್ಲ. ‘ಮನೆಯನ್ನು’ ಪದದ ‘ಯ’ ಕರೆಯದೇ ಬಂದ ನೆಂಟ ಅಂದರೆ ಸಾಕಾಯಿತು.

ಸಂಸ್ಕೃತ ಸಂಧಿಗೆ ಮಾತ್ರ ಈ ಆಟ ಅಷ್ಟಾಗಿ ಒಗ್ಗಲಿಲ್ಲ. ಉತ್ತರ, ಅಯನ ಸೇರಿ ಉತ್ತರಾಯಣ. ಆದರೆ ‘ಅಯನ’ ಅನ್ನುವ ಪದವನ್ನೇ ಮಕ್ಕಳು ಕೇಳಿರಲಿಲ್ಲ. ಗೊತ್ತಿಲ್ಲದ ಪದದ ಮೇಲೆ ನಗು ಹೇಗೆ ಹುಟ್ಟಬೇಕು? ಅ, ಅ ಸೇರಿ ಆ ಆಗುವ ಈ ಸವರ್ಣದೀರ್ಘ ಸಂಧಿಯನ್ನು ಬೋರ್ಡ್ ಮೇಲೆ ಬರೆದೇ ತೋರಿಸಿದೆ. ನೀವೂ ಮಾಡುವುದಾದರೆ ಮಕ್ಕಳ ಬಾಯಲ್ಲಿ ದಿನಾ ಓಡಾಡುವ ಪದಗಳನ್ನೇ ಆರಿಸಿಕೊಳ್ಳಿ. ಸುಮ್ನೆ ಒಂದು ಜೋಕು ಹೇಳಿದರೆ ಮಕ್ಕಳಿಗೆ ಜೋಕಷ್ಟೇ ನೆನಪಿರುತ್ತದೆ.

ಹಬ್ಬದ ಸಂಜೆ ಅದೇ ಬೆಲ್ಲದ ಹುಡುಗ ಹೊಸ ಅಂಗಿ ಹಾಕಿಕೊಂಡು ಎಳ್ಳು ಕೊಡಲು ಬಂದ. "ಎಳ್ಳು ಬೆಲ್ಲ ತಿಂದು ಒಳ್ಳೆ ಮಾತಾಡಿ ಮಿಸ್" ಅಂದವನು ಬಾಗಿಲಲ್ಲೇ ನಿಂತುಬಿಟ್ಟ.

"ಮಾತು... ಆಡಿ... ಮಿಸ್, ಇಲ್ಲೂ ಉ ಹೋಗಿದೆ!"

ಪೊಟ್ಟಣ ಇನ್ನೂ ಅವನ ಕೈಯಲ್ಲೇ ಇತ್ತು.