ಪರಿಹಾರದ ದುಡ್ಡಿಗೆ ಸಮಪಾಲು ಸಲ್ಲ

"ಅಣ್ಣನ್ನ ಮಣ್ಣು ಮಾಡಿದವನು ನಾನು ಸಾರ್. ನಂದೂ ಒಂದು ಪಾಲು ಬರ್ಬೇಕಲ್ಲ?"

ದಾವಣಗೆರೆ ಕೋರ್ಟಿನ ವರಾಂಡದಲ್ಲಿ ಆ ಹುಡುಗ ವಕೀಲನಾದ ನನ್ನನ್ನು ಕೇಳಿದಾಗ ಅವನ ಅತ್ತಿಗೆ ತಲೆ ಎತ್ತಲಿಲ್ಲ. ತೊಡೆಯ ಮೇಲೆ ಮಗ ಮಲಗಿದ್ದ. ಆಕೆಯ ಗಂಡ ಜಗಳೂರು ತಾಲ್ಲೂಕಿನವನು, ಲಾರಿ ಚಾಲಕ. 2021ರಲ್ಲಿ, 34ನೇ ವಯಸ್ಸಿಗೆ, ಹಿರಿಯೂರಿನ ಹತ್ತಿರ ಹೆದ್ದಾರಿಯಲ್ಲಿ ತೀರಿಕೊಂಡ. ಆಗ ಮಗಳಿಗೆ 11, ಮಗನಿಗೆ 4. ಮನೆಯಲ್ಲಿ ವಿಧವೆ ತಾಯಿ, 22ರ ತಮ್ಮ.

ತಮ್ಮನಿಗೆ ಪಾಲಿಲ್ಲ. ಕೆಲಸದ ಮೇಲೆ ಸತ್ತವರ ಮನೆಯವರಿಗೆ ಮಾಲೀಕರಿಂದ ಪರಿಹಾರ ಕೊಡಿಸಲು ಆಗ ಜಾರಿಯಲ್ಲಿದ್ದ ನೌಕರರ ಪರಿಹಾರ ಕಾಯ್ದೆ, 1923ರ ಪ್ರಕಾರ ವಿಧವೆ, ಅಪ್ರಾಪ್ತ ಮಗ, ಮದುವೆಯಾಗದ ಮಗಳು, ವಿಧವೆ ತಾಯಿ ನೇರವಾಗಿ ಅವಲಂಬಿತರು. ತಂದೆ ಬದುಕಿದ್ದರೆ ಮಗನ ದುಡಿಮೆಯನ್ನು ಪೂರ್ತಿಯಾಗಿಯೋ ಭಾಗಶಃವೋ ನೆಚ್ಚಿಕೊಂಡಿದ್ದೆ ಎಂದು ತೋರಿಸಬೇಕಿತ್ತು. ತಮ್ಮನಾದರೆ ಅಪ್ರಾಪ್ತನಾಗಿದ್ದು, ಅಣ್ಣನ ಸಂಪಾದನೆಯಲ್ಲಿ ಬದುಕುತ್ತಿದ್ದರಷ್ಟೇ ಲೆಕ್ಕಕ್ಕೆ. ಇದನ್ನು ಅವನಿಗೆ ಕೂರಿಸಿಕೊಂಡು ಹೇಳಲು ಒಂದು ಗಂಟೆ ಹಿಡಿಯಿತು. ಅಣ್ಣನ ಆಸ್ತಿಗೆ ಹಕ್ಕು ಕೇಳಿದಂತೆ ಇದಕ್ಕೂ ಕೇಳಬಹುದು ಅಂತ ಊರಲ್ಲಿ ಯಾರೋ ಅವನ ತಲೆಗೆ ತುಂಬಿದ್ದರು.

ಆ ತಪ್ಪು ನಾನೇ ಒಮ್ಮೆ ಮಾಡಿದ್ದೇನೆ. ವೃತ್ತಿಗೆ ಬಂದ ಹೊಸತರಲ್ಲಿ ಇಂಥದ್ದೇ ಒಂದು ಕೇಸಿನಲ್ಲಿ ಆಸ್ತಿ ಪಾಲು ಕೇಳುವ ವಿಭಾಗ ದಾವೆಯ ರೂಢಿಯಂತೆ ಎಲ್ಲರಿಗೂ ಸಮಪಾಲು ಎಂದು ಎಲ್ಲರ ಪರವಾಗಿ ಜಂಟಿ ಮೆಮೊ, ಅಂದರೆ ಲಿಖಿತ ಮನವಿ, ಹಾಕಿದೆ. ಮಕ್ಕಳ ಪಾಲನ್ನು ಠೇವಣಿ ಇಡಿಸಿ ಎಂದು ಕೇಳಲಿಲ್ಲ. ಮರುವರ್ಷ ಆ ತಾಯಿ ಬಂದು ಹೇಳಿದರು: ಮೈದುನನ ಒತ್ತಾಯಕ್ಕೆ ಆ ದುಡ್ಡು ಕೊಳವೆಬಾವಿಗೆ ಹೋಯಿತು, ನೀರೂ ಬೀಳಲಿಲ್ಲ. ಆ ಮಕ್ಕಳ ಮುಖ ಇವತ್ತಿಗೂ ಕಣ್ಣ ಮುಂದಿದೆ.

ಆ ಕಾಯ್ದೆಯ 8ನೇ ಕಲಂ ಪರಿಹಾರ ಆಯುಕ್ತರಿಗೆ, ಅಂದರೆ ನಮ್ಮಲ್ಲಿ ಹಿರಿಯ ಸಿವಿಲ್ ನ್ಯಾಯಾಧೀಶರಿಗೆ, ತಮಗೆ ಸರಿ ಕಂಡ ಪ್ರಮಾಣದಲ್ಲಿ ಹಂಚುವ ಅಧಿಕಾರ ಕೊಡುತ್ತಿತ್ತು. ಬೇಕೆಂದರೆ ಎಲ್ಲವನ್ನೂ ಒಬ್ಬರಿಗೇ ಕೊಡಬಹುದಿತ್ತು. ಹಾಗಾಗಿ ಯಾರ ಹಕ್ಕು ಎಷ್ಟು ಅನ್ನುವುದಕ್ಕಿಂತ ಯಾರಿಗೆ ಎಷ್ಟು ಕಾಲ ಆಸರೆ ಬೇಕು ಅನ್ನುವುದನ್ನು ಅವರ ಮುಂದೆ ಇಡುವುದೇ ವಕೀಲನ ಕೆಲಸ.

ಸಂಬಳ, ಭತ್ಯೆ ಸೇರಿ ತಿಂಗಳಿಗೆ 18,000 ಇದ್ದರೂ ಲೆಕ್ಕಕ್ಕೆ ಹಿಡಿಯುವ ಮಿತಿ ಆಗ 15,000. ಅದರ ಅರ್ಧ 7,500. ಅದನ್ನು ಕಾಯ್ದೆಯ ಪಟ್ಟಿಯಲ್ಲಿ 34ನೇ ವಯಸ್ಸಿಗಿದ್ದ ಗುಣಾಂಕ 199.40ರಿಂದ ಗುಣಿಸಿದರೆ 14,95,500 ರೂಪಾಯಿ. 12% ಬಡ್ಡಿ ಸೇರಿ 18 ಲಕ್ಷದ ಹತ್ತಿರ ಬಂತು.

ಅದಕ್ಕೂ ಮೊದಲು ಲಾರಿ ಮಾಲೀಕರು ಊರಿಗೆ ಹೋಗಿ ತಮ್ಮನ ಕೈಗೆ ಒಂದು ಲಕ್ಷ ಕೊಟ್ಟು, 'ಇನ್ನೇನೂ ಬಾಕಿಯಿಲ್ಲ' ಎಂದು ಛಾಪಾ ಕಾಗದಕ್ಕೆ ಸಹಿ ಹಾಕಿಸಿಕೊಂಡಿದ್ದರು. ಸಾವಿನ ಪರಿಹಾರವನ್ನು ಆಯುಕ್ತರಲ್ಲೇ ಜಮೆ ಮಾಡಬೇಕು. ಹೊರಗೆ ಕೊಟ್ಟದ್ದು ಪರಿಹಾರ ಎನಿಸುವುದಿಲ್ಲ. ಮುಂಗಡವಾಗಿ ಅವಲಂಬಿತರಿಗೆ ಮೂರು ತಿಂಗಳ ಕೂಲಿಯವರೆಗೆ ಕೊಡಬಹುದು, ಆದರೆ ತಮ್ಮ ಅವಲಂಬಿತನೇ ಅಲ್ಲ. ಆ ಕಾಗದ ನಿಲ್ಲಲಿಲ್ಲ. ಬಾಗಿಲಿಗೆ ಬಂದಿದ್ದ, ಸಾಲ ಕೊಟ್ಟಿದ್ದವನಿಗೂ 9ನೇ ಕಲಂ ಓದಿ ಹೇಳಿದೆ: ಈ ಹಣವನ್ನು ಜಪ್ತಿ ಮಾಡಲು ಬರುವುದಿಲ್ಲ.

ಕಷ್ಟವಾದದ್ದು ಅತ್ತೆಯ ಮಾತು. "ಅವಳು ನಾಳೆ ಬೇರೆ ಮದುವೆ ಆದ್ರೆ? ನಾನು ಹೆತ್ತೋಳು, ನಂಗೇನೈತಿ?" ಆ ಪ್ರಶ್ನೆಯಲ್ಲಿ ದುರಾಸೆ ಇರಲಿಲ್ಲ, ಭಯವಿತ್ತು. ಚೀಲದಿಂದ ಬಿಪಿ ಮಾತ್ರೆಯ ಖಾಲಿ ಎಲೆ ತೆಗೆದು ತೋರಿಸಿದರು, ತಿಂಗಳ ಕೊನೆಗೆ ಅರ್ಧ ಅರ್ಧ ನುಂಗುತ್ತಿದ್ದರಂತೆ. ಫೈಲಿನ ಬೆನ್ನಿಗೆ ಇಬ್ಬರ ಮುಂದೆಯೇ ಲೆಕ್ಕ ಬರೆದೆ: ಮಗನಿಗೆ 18 ತುಂಬಲು ಎಷ್ಟು ವರ್ಷ, ಮಗಳ ಓದಿಗೆ ಎಷ್ಟು, ಅಜ್ಜಿಯ ಔಷಧಿಗೆ ಎಷ್ಟು. ಸೊಸೆ ಆಗ ಮೊದಲ ಸಲ ಬಾಯಿ ಬಿಟ್ಟಳು: "ಅತ್ತೆದು ಕಡಿಮೆ ಮಾಡ್ಬ್ಯಾಡ್ರಿ."

ಹೆಂಡತಿಗೆ 6 ಲಕ್ಷ, ಮಗನಿಗೆ 5, ಮಗಳಿಗೆ 4, ತಾಯಿಗೆ 3 ಎಂದು ಕಾರಣ ಸಮೇತ ಮೆಮೊ ಕೊಟ್ಟೆ. 2023ರಲ್ಲಿ ಆದೇಶವೂ ಹಾಗೇ ಆಯಿತು. ಮಕ್ಕಳ ಹಣ ಬ್ಯಾಂಕಿನಲ್ಲಿ ಠೇವಣಿ, ಬಡ್ಡಿ ಮೂರು ತಿಂಗಳಿಗೊಮ್ಮೆ ತಾಯಿಯ ಖಾತೆಗೆ. ಮಕ್ಕಳನ್ನು ನೋಡಿಕೊಳ್ಳದಿದ್ದರೆ ಅಥವಾ ಪರಿಸ್ಥಿತಿ ಬದಲಾದರೆ ಆಯುಕ್ತರು ಹಂಚಿಕೆಯನ್ನು ಮತ್ತೆ ತಿದ್ದಬಹುದು ಎನ್ನುವುದನ್ನೂ ಅತ್ತೆ, ಸೊಸೆ ಇಬ್ಬರಿಗೂ ಬಿಡಿಸಿ ಹೇಳಿದೆ.

ಮಗನಿಗೆ 18 ತುಂಬುವುದು 2035ಕ್ಕೆ. ಬ್ಯಾಂಕು ಒಂದು ಸಲಕ್ಕೆ ಹತ್ತು ವರ್ಷಕ್ಕೇ ಠೇವಣಿ ಬರೆದುಕೊಂಡಿತು. 2033ರಲ್ಲಿ ಯಾರಾದರೂ ಹೋಗಿ ನವೀಕರಿಸಬೇಕು. ಆ ವರ್ಷವನ್ನು ಫೈಲಿನ ಮೇಲೆ ಕೆಂಪು ಶಾಯಿಯಲ್ಲಿ ಬರೆದಿಟ್ಟಿದ್ದೇನೆ, ನನ್ನ ಜೂನಿಯರ್‌ಗೂ ಹೇಳಿದ್ದೇನೆ.