ಮಹಡಿ ಮೇಲೆ ಮಹಡಿ ಪೋಣಿಸಿ ಕಟ್ಟಿದ ಶಿಕಾಗೊ

"ರಟ್ಟು ಪೇರಿಸಿದ್ರೆ ರಟ್ಟಿನ ರಾಶಿ ಆಗುತ್ತೆ, ಕಟ್ಟಡ ಆಗಲ್ಲ" ಅಂತ ಮಾಡೆಲ್ ಮಾಡುವ ಗೆಳೆಯರೆಲ್ಲ ಹೇಳಿದ್ದರು, ಮಹಡಿಗೊಂದು ರಟ್ಟಿನ ತಟ್ಟೆ ಪೇರಿಸಿ ಕಟ್ಟಡದ ಮಾಡೆಲ್ ಮಾಡ್ತೀನಿ ಅಂದಾಗ. ಎರಡು ವರ್ಷ ಆಯಿತು. ಒಂದಕ್ಕೆ ಸಾವಿರ ಅಳತೆಯ, ಅಂದರೆ ಒಂದು ಮೀಟರಿಗೆ ಒಂದು ಮಿಲಿಮೀಟರಿನ, ಶಿಕಾಗೊ ನನ್ನ ಮೇಜಿನ ಮೇಲಿದೆ, ಹದಿನಾಲ್ಕು ಕಟ್ಟಡ. ಒಂದೂ ವಾಲಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ.

ಶುರು ಮಾಡಿದ್ದು ಎಲ್ಲರ ಹಾಗೆ ಡಬ್ಬಿ ಮಡಚಿಯೇ. ವಿಲ್ಲಿಸ್ ಟವರ್ 442 ಮೀಟರ್, ಅಂದರೆ ನಮ್ಮ ಅಳತೆಗೆ 44 ಸೆಂಟಿಮೀಟರ್. ಕಪ್ಪು ರಟ್ಟಿನಲ್ಲಿ ಮಡಚಿ ನಿಲ್ಲಿಸಿದೆ. ತಿಂಗಳೊಳಗೆ ಗೋಡೆಗಳ ಹೊಟ್ಟೆ ಒಳಕ್ಕೆ ಹೋಯಿತು. ಒಳಗೆ ಅಡ್ಡಪಟ್ಟಿ ಕೊಟ್ಟರೆ ಮೂಲೆ ಬಿಟ್ಟುಕೊಂಡಿತು. ಹೀಗೆ ಮೂರು ಡಬ್ಬಿ ಕಸಕ್ಕೆ ಹೋದವು.

ನನ್ನ ದಾರಿ ಬದಲಾಯಿಸಿದ್ದು ಅಕ್ವಾ ಟವರ್. ಜೀನ್ ಗ್ಯಾಂಗ್ ವಿನ್ಯಾಸದ, 82 ಮಹಡಿಯ ಕಟ್ಟಡ. ನೋಡಿದವರಿಗೆ ಗೊತ್ತು, ಅದರ ಕಾಂಕ್ರೀಟ್ ಸ್ಲ್ಯಾಬ್‌ಗಳು ಅಲೆಯ ಹಾಗೆ ಹೊರಗೆ ಚಾಚಿಕೊಂಡಿವೆ. ಒಂದು ಮಹಡಿಯ ಅಂಚು ಇನ್ನೊಂದರ ಹಾಗಿಲ್ಲ. ಇದನ್ನು ಡಬ್ಬಿಯಲ್ಲಿ ಮಾಡಲು ಸಾಧ್ಯವೇ ಇಲ್ಲ. ಮಹಡಿಗೊಂದು ತಟ್ಟೆ ಕತ್ತರಿಸಿ, ನಡುವೆ ತೂತು ಮಾಡಿ, ಸ್ಕ್ರೂವಿನ ಹಾಗೆ ತಿರುಪು ಇರುವ ಕಬ್ಬಿಣದ ಥ್ರೆಡ್ ರಾಡ್‌ಗೆ ಪೋಣಿಸಬೇಕು. ನಿಜವಾದ ಕಟ್ಟಡದ ನಡುವೆಯೂ ಲಿಫ್ಟ್, ಮೆಟ್ಟಿಲು ಇರುವ ಗಟ್ಟಿ ಕೋರ್ ಇರುತ್ತದೆ ಅಲ್ವಾ, ಹಾಗೆ.

ಮೊದಲು ಲೇಸರ್ ಕಟಿಂಗ್‌ಗೆ ಕೊಟ್ಟೆ. ದುಡ್ಡು ನೀರಿನ ಹಾಗೆ ಹೋಗಿದ್ದು ಇಲ್ಲೇ. ಪ್ರತಿ ತಟ್ಟೆಯ ಚಿತ್ರ ಬೇರೆ, ಕೂಲಿ ನಿಮಿಷದ ಲೆಕ್ಕ. ಒಂದು ತಿಂಗಳ ಮನೆ ಬಾಡಿಗೆಯಷ್ಟು ಕೇಳಿದರು. ಅರ್ಧ ಮಾತ್ರ ಮಾಡಿಸಿದೆ. ಬಂದ ತಟ್ಟೆಗಳ ಅಂಚೆಲ್ಲ ಸುಟ್ಟು ಕಂದು ಬಣ್ಣ. ಬಿಳಿ ಕಾಂಕ್ರೀಟ್ ಕಾಣಬೇಕಾದಲ್ಲಿ ಸುಟ್ಟ ರೊಟ್ಟಿಯಂತೆ ಕಂಡಿತು. ಆಮೇಲೆ 82 ತಟ್ಟೆಯನ್ನೂ ಕೈಯಲ್ಲೇ ಕತ್ತರಿಸಿದೆ. ಸುಮಾರು ನಲವತ್ತು ಬ್ಲೇಡ್ ಸವೆದವು. ಲೇಸರ್‌ಗೆ ಕೊಟ್ಟ ದುಡ್ಡಿನಲ್ಲಿ ಇಡೀ ನಗರಕ್ಕೆ ಬೇಕಾದ ರಟ್ಟು, ರಾಡು, ಅಂಟು ಬರುತ್ತಿತ್ತು. ಆ ನೋವು ಇನ್ನೂ ಇದೆ.

ಅಕ್ವಾದ ಎತ್ತರ ಸುಮಾರು 262 ಮೀಟರ್. ನಮಗೆ ಒಂದು ಮಹಡಿಗೆ 3.2 ಮಿಲಿಮೀಟರ್ ಸಿಗುತ್ತದೆ. ಒಂದು ಮಿಲಿಮೀಟರಿನ ಬಿಳಿ ತಟ್ಟೆ, ಅದರ ಕೆಳಗೆ ಎರಡಕ್ಕಿಂತ ಸ್ವಲ್ಪ ಜಾಸ್ತಿ ದಪ್ಪದ ಕಪ್ಪು ಚೂರು, ಮೂರ್ನಾಲ್ಕು ಮಿಲಿಮೀಟರ್ ಒಳಗೆ ಸರಿಸಿ. ಗಾಜು ಹಾಕಲೇ ಇಲ್ಲ. ಒಳಗಿನ ಕಪ್ಪಿನ ಮೇಲೆ ಬಿಳಿ ಅಂಚಿನ ನೆರಳು ಬಿದ್ದಾಗ ಅದೇ ಗಾಜಿನ ಹಾಗೆ ಕಾಣುತ್ತದೆ. ಆ ಕಪ್ಪು ಅಚ್ಚ ಕಪ್ಪಲ್ಲ. ಅದರಲ್ಲಿ ಇನ್ನೆರಡು ಬಣ್ಣ ಇವೆ. ಯಾವುವು ಅಂತ ಮಾತ್ರ ಹೇಳುವುದಿಲ್ಲ.

ಮೊದಲ ಸಲ ಮೇಲಿನ ನಟ್ ಬಿಗಿ ಮಾಡಿದಾಗ 262 ಇರಬೇಕಾದದ್ದು 257ಕ್ಕೆ ಇಳಿಯಿತು. ಐದು ಮಿಲಿಮೀಟರ್ ಅಂದರೆ ಸುಮ್ನೆ ಅಲ್ಲ, ಒಂದೂವರೆ ಮಹಡಿ! ರಟ್ಟು ಅಮುಕಿಕೊಳ್ಳುತ್ತದೆ. ಈಗ ಹತ್ತು ಮಹಡಿಗೊಮ್ಮೆ ನಟ್ ಬಿಗಿ ಮಾಡಿ, ಒಂದು ರಾತ್ರಿ ಬಿಟ್ಟು, ಅಳೆದು, ಕಡಿಮೆ ಬಿದ್ದಷ್ಟಕ್ಕೆ ತೆಳು ಕಾಗದ ಸೇರಿಸುತ್ತೇನೆ. ತಟ್ಟೆಗಳ ನಡುವೆ ಅಂಟು ಹಾಕುವುದಿಲ್ಲ. ನೀರಿನ ಅಂಟು ಹಾಕಿದ ಹಳೆಯ ಪೇರಿಕೆ ಒಂದೇ ಕಡೆಗೆ ಮೂರು ಮಿಲಿಮೀಟರ್ ವಾಲಿತ್ತು. ಬಿಗಿತವೇ ಹಿಡಿದುಕೊಳ್ಳಲಿ.

ವಿಲ್ಲಿಸ್‌ಗೆ ವಾಪಸ್ ಬಂದಾಗ ಒಂದೇ ರಾಡಿನಲ್ಲಿ ಮಾಡಿದೆ. ಮೇಲ್ಗಡೆ ತಿರುಚಿಕೊಂಡಿತು. ಆಗ ಅದರ ಎಂಜಿನಿಯರ್ ಫಜ್ಲುರ್ ಖಾನ್ ಮಾಡಿದ್ದನ್ನೇ ಮಾಡಿದೆ. ಆ ಕಟ್ಟಡ ಒಂದಕ್ಕೊಂದು ಅಂಟಿಕೊಂಡ ಒಂಬತ್ತು ಚೌಕ ಕೊಳವೆಗಳ ಕಟ್ಟು. ಎರಡು ಕೊಳವೆ 50ನೇ ಮಹಡಿಗೆ ನಿಲ್ಲುತ್ತವೆ, ಎರಡು 66ಕ್ಕೆ, ಮೂರು 90ಕ್ಕೆ. ಉಳಿದ ಎರಡೇ ತುದಿ ಮುಟ್ಟುತ್ತವೆ. 23 ಮಿಲಿಮೀಟರ್ ಅಗಲದ ಒಂಬತ್ತು ಚೌಕ ಪೇರಿಕೆ, ಒಂಬತ್ತು ರಾಡು. ಬಿಡಿಯಾಗಿ ಪ್ರತಿಯೊಂದೂ ತೂಗಾಡುತ್ತಿತ್ತು. ಒಟ್ಟಿಗೆ ಕಟ್ಟಿದ ಮೇಲೆ ಕೈಯಿಂದ ತಳ್ಳಿದರೂ ಅಲುಗಲಿಲ್ಲ. ಅವತ್ತು ರಾತ್ರಿ ಖುಷಿಗೆ ನಿದ್ದೆ ಬರಲಿಲ್ಲ.

ಜಾನ್ ಹ್ಯಾನ್‌ಕಾಕ್ ಸೆಂಟರ್ (2018ರಿಂದ ಆ ಹೆಸರಿಲ್ಲ) ಕೂಡ ಖಾನ್ ಕೆಲಸವೇ. ಕೆಳಗೆ ಅಗಲ, ಮೇಲೆ ಕಿರಿದು. ನೂರು ಮಹಡಿಯಲ್ಲಿ ಉದ್ದದ ಬದಿ 80 ಮಿಲಿಮೀಟರಿನಿಂದ 49ಕ್ಕೆ ಇಳಿಯಬೇಕು. ಒಂದೊಂದು ತಟ್ಟೆಗೆ 0.3 ಮಿಲಿಮೀಟರ್ ಕಡಿಮೆ. ಕೈಗೆ ಅದು ಸಿಗುವುದಿಲ್ಲ. ಐದೈದು ತಟ್ಟೆ ಒಂದೇ ಅಳತೆಗೆ ಕತ್ತರಿಸಿ, ಪೋಣಿಸಿ, ಓರೆ ಇಟ್ಟ ಹಲಗೆಯ ಮೇಲೆ ಸ್ಯಾಂಡ್‌ಪೇಪರ್‌ನಿಂದ ಉಜ್ಜಿದೆ. ರಟ್ಟು ಉಜ್ಜಿದರೆ ನಾರು ಏಳುತ್ತದೆ ಅಂತ ಎಲ್ಲರೂ ನಕ್ಕರು. ನಾರು ಎದ್ದಿದ್ದೂ ನಿಜ. ಅಂಚಿಗೆ ತೆಳು ಸೂಪರ್ ಗ್ಲೂ ಕುಡಿಸಿ ಉಜ್ಜಿದಾಗ ಮರದ ಹಾಗೆ ನುಣುಪಾಯಿತು. ಎಷ್ಟು ಹೊತ್ತು ಬಿಟ್ಟು ಉಜ್ಜಬೇಕು ಅನ್ನುವುದು ನಾಲ್ಕು ಪೇರಿಕೆ ಹಾಳಾದ ಮೇಲೆ ಕಲಿತದ್ದು. ಅದು ನನ್ನ ಹತ್ತಿರವೇ ಇರಲಿ.

ಇದರ ನಡುವೆ ಎರಡು ವಾರ ದಾರಿ ತಪ್ಪಿದೆ. ಹ್ಯಾನ್‌ಕಾಕ್‌ನ ಹೊರಗಿರುವ ದೊಡ್ಡ ಎಕ್ಸ್ ಕಂಬಿಗಳು ಎಷ್ಟು ಕೆಲಸ ಮಾಡುತ್ತವೆ ಅಂತ ನೋಡುವ ಆಸೆ. ಎರಡು ಕಾಗದದ ಕೊಳವೆ ಮಾಡಿ, ಒಂದಕ್ಕೆ ನಾಲ್ಕೂ ಕಡೆ ಎಕ್ಸ್ ಆಕಾರದಲ್ಲಿ ದಾರ ಬಿಗಿದು ಅಂಟಿಸಿ, ಟೇಬಲ್ ಫ್ಯಾನ್ ಮುಂದಿಟ್ಟೆ. ದಾರ ಇಲ್ಲದ್ದು ತಿರುಚಿ ಬಿತ್ತು. ಇನ್ನೊಂದು ಅದೇ ಗಾಳಿಗೆ ಸುಮಾರು ಅರ್ಧ ಗಂಟೆ ನಿಂತಿತ್ತು, ನಾನೇ ಫ್ಯಾನ್ ಆರಿಸಿದೆ.

ಮರೀನಾ ಸಿಟಿ ಅಂದರೆ ಜೋಡಿ ಗೋಪುರ, ಅವುಗಳ ಕೆಳಗಿನ 19 ಮಹಡಿ ಕಾರು ನಿಲ್ಲಿಸುವ ಸುರುಳಿ. ತಟ್ಟೆ ಪೇರಿಸಿದರೆ ಸುರುಳಿ ಆಗುವುದಿಲ್ಲ. ಪ್ರತಿ ಉಂಗುರವನ್ನು ಒಂದು ಕಡೆ ಸೀಳಿ, ಒಂದು ತುದಿ ಎತ್ತಿ, ಮೇಲಿನ ಉಂಗುರದ ಕೆಳತುದಿಗೆ ಸೇರಿಸಿದೆ. ಎರಡೂ ಗೋಪುರಕ್ಕೆ ಆರು ಭಾನುವಾರ ಹಿಡಿಯಿತು.

ಒಂದು ವಿಷಯ ಮುಚ್ಚಿಡುವುದಿಲ್ಲ. ವಿಲ್ಲಿಸ್‌ನಿಂದ ಹ್ಯಾನ್‌ಕಾಕ್‌ಗೆ ನೇರ ಅಂತರ ಸುಮಾರು ಎರಡೂವರೆ ಕಿಲೋಮೀಟರ್. ನಮ್ಮ ಅಳತೆಗೆ ಎರಡೂವರೆ ಮೀಟರ್ ಮೇಜು ಬೇಕು. ಅಷ್ಟು ಜಾಗ ಇಲ್ಲ. ಎತ್ತರ ಎಲ್ಲ ಸರಿಯಾಗಿಟ್ಟು, ಅಂತರ ಮಾತ್ರ ಅರ್ಧ ಮಾಡಿದೆ. ಮಿಶಿಗನ್ ಸರೋವರದ ಕಡೆಯಿಂದ, ಕಣ್ಣಿನ ಮಟ್ಟಕ್ಕೆ ಬಗ್ಗಿ ನೋಡಿದರೆ ಸಾಲು ಸರಿಯಾಗಿಯೇ ಕಾಣುತ್ತದೆ.

ಈಗ ಸೇಂಟ್ ರೀಜಿಸ್ ಕೈಯಲ್ಲಿದೆ, 363 ಮೀಟರ್. ಅದೂ ಜೀನ್ ಗ್ಯಾಂಗ್‌ದೇ. ಗಾಳಿ ಹಾದುಹೋಗಲಿ ಅಂತ ಮೇಲೆ ಒಂದು ಮಹಡಿಯನ್ನೇ ಖಾಲಿ ಬಿಟ್ಟಿದ್ದಾರೆ. ಪೋಣಿಸುವವನಿಗೆ ಇದಕ್ಕಿಂತ ಸುಲಭ ಇಲ್ಲ. ಆ ಜಾಗದಲ್ಲಿ ತಟ್ಟೆ ಬೇಡ, ಸಣ್ಣ ವಾಷರ್ ಸಾಕು.